ಮೈ ಕೊಡವದ ಟಗರು

ಜಾಂಬೋಟಿ ಬಾಜು, ತಾ. ಖಾನಾಪುರ
೮ ಜನವರಿ ೧೯೮೪

ಮಾಯಕ್ಕಾ,

ಇಲ್ಲಿ ಎಲ್ಲರೂ ಕ್ಷೇಮ. ಕಾರಣ ಬೇರೆ ಯಾರೂ ಅಲ್ಲ, ನಾನೇ. ನಿನ್ನ ಅವ್ವನ ಹಲ್ಲುನೋವಿಗೆ ಲವಂಗ ಕೊಟ್ಟವನು ನಾನು, ಮಾಳಿಗೆಯ ಹಂಚು ಸರಿ ಮಾಡಿದವನು ನಾನು, ಹೋದ ವಾರ ಎಮ್ಮೆ ಈಯುವಾಗ ದನದ ಡಾಕ್ಟರು ಬರುವ ಮೊದಲೇ ಕರುವಿನ ಕಾಲು ಹಿಡಿದು ಎಳೆದವನೂ ನಾನೇ. ಡಾಕ್ಟರು ಬಂದು ಚಹಾ ಕುಡಿದು ಹೋದ. ನಿಮ್ಮ ದವಾಖಾನೆಯ ದೊಡ್ಡ ಸಿಸ್ಟರಿಗೆ ಹೇಳು, ಈ ವಿದ್ಯೆ ನಮ್ಮ ಮನೆತನದಲ್ಲೇ ಇದೆ, ಹುಡುಗಿಗೆ ಅರ್ಧ ಅಭ್ಯಾಸ ಮಾಫಿ ಮಾಡಿರಿ ಅಂತ.

ಈಗ ದೊಡ್ಡ ಸುದ್ದಿ. ಯುಗಾದಿ ಆದ ಎರಡನೆಯ ಮಂಗಳವಾರ, ಏಪ್ರಿಲ್ ಹತ್ತಕ್ಕೆ, ಅಡವಿ ದ್ಯಾಮವ್ವನ ವಾರ. ಐದು ವರ್ಷಕ್ಕೊಮ್ಮೆ ಬರುವ ಜಾತ್ರೆ. ದೇವಿಯ ಮುಂದೆ ಟಗರಿನ ತಲೆ ಇಳಿಸುವ ಕತ್ತಿಯ ಮಾನ ಏಳು ತಲೆಮಾರಿನಿಂದ ನಮ್ಮ ಮನೆಯದು. ನಿನ್ನ ಅಪ್ಪ, ನನ್ನ ಅಣ್ಣ, ಬದುಕಿದ್ದಾಗ ರಕ್ತ ಕಂಡರೆ ಕುಳಿತುಬಿಡುತ್ತಿದ್ದ. ಹಾಗಾಗಿ ಕತ್ತಿ ನನಗೆ ಬಂತು. ನಿಯಮ ನಿನಗೆ ಗೊತ್ತೇ ಇದೆ. ಒಂದೇ ಏಟು. ಎರಡನೆಯ ಏಟು ಬಿದ್ದರೆ ಕತ್ತಿ ನಮ್ಮ ಹೊಸ್ತಿಲು ದಾಟಿ ಹೋಗುತ್ತದೆ, ತಿರುಗಿ ಬರುವುದಿಲ್ಲ.

ಕೆಳಗಿನ ಓಣಿಯ ರಾಯಪ್ಪ ಮೂವತ್ತು ವರ್ಷದಿಂದ ಆ ಕತ್ತಿಯ ಮೇಲೆ ಕಣ್ಣಿಟ್ಟು ಕುಳಿತಿದ್ದಾನೆ. ಮೊನ್ನೆ ಚಹಾದಂಗಡಿಯಲ್ಲಿ ಎಲ್ಲರ ಮುಂದೆ ಕೇಳಿದ.

"ಸಾತಪ್ಪಣ್ಣ, ಅರವತ್ತ ಆದುವು ನಿನಗ. ಈ ಸಲ ಕತ್ತಿ ನಾ ಹಿಡೀಲೇನು?"

"ಹಿಡಿಯಪಾ," ಅಂದೆ, "ತೊಳಿಯೂ ಮುಂದ ಹಿಡಿ. ನೀರ ನಾ ಹಾಕ್ತೀನಿ."

ಚಹಾ ಮಾಡುವವನು ನಕ್ಕು ಹಾಲು ಉಕ್ಕಿಸಿಬಿಟ್ಟ.

ಈ ಸಲ ಕೊಡುವುದು ನಮ್ಮ ಸರದಾರನನ್ನೇ. ನಿನಗೆ ನರ್ಸಿಂಗಿನ ಸೀಟು ಸಿಕ್ಕರೆ ಟಗರು ಕೊಡುತ್ತೇನೆ ಎಂದು ನಿನ್ನ ಅವ್ವ ದೇವಿಗೆ ಬೇಡಿಕೊಂಡಿದ್ದಳು. ಸೀಟು ಸಿಕ್ಕಿತು. ದೇವಿ ತನ್ನ ಮಾತು ನಡೆಸಿದಳು, ಇನ್ನು ನಮ್ಮ ಸರದಿ. ತಾಯಿ ಸತ್ತ ಆ ಮರಿಗೆ ನೀನೇ ಸೀಸೆಯಲ್ಲಿ ಹಾಲು ಕುಡಿಸಿ ಬೆಳೆಸಿದ್ದು ನನಗೆ ನೆನಪಿದೆ. ಅದಕ್ಕೇ ಅವನು ಅಷ್ಟು ದಪ್ಪ. ಸಣಕಲು ಟಗರು ನಿಲ್ಲಿಸಿದರೆ ಮನೆತನದ ಮಾನ ಉಳಿದೀತೇ?

ರಜೆ ಹಾಕಿ ಬಾ. ನಿನ್ನ ಕಾಕಾನ ಏಟು ನೋಡಿದವರು ಇನ್ನೊಬ್ಬರ ಏಟು ನೋಡುವುದಿಲ್ಲ.

ನಿನ್ನ ಕಾಕಾ,
ಸಾತಪ್ಪ
(ಮುಲ್ಕಿ ಪರೀಕ್ಷೆಯ ತನಕ ಹೋದವನು. ಪರೀಕ್ಷೆ ನನ್ನ ತನಕ ಬರಲಿಲ್ಲ.)


ನೆಹರು ನಗರ, ಬೆಳಗಾವಿ
೧೯ ಜನವರಿ ೧೯೮೪

ಕಾಕಾ,

ನಿನ್ನ ಪತ್ರ ಓದಿ ಅರ್ಧ ನಕ್ಕೆ. ಸರದಾರನ ಹೆಸರು ಬಂದ ಮೇಲೆ ನಗು ನಿಂತಿತು.

ನಾನು ಹಗಲೂ ಇರುಳೂ ಓದಿ ಪಡೆದ ಸೀಟಿಗೆ ಅವನು ಯಾಕೆ ಕುತ್ತಿಗೆ ಕೊಡಬೇಕು? ನನ್ನ ಕೋಣೆಯ ಗಂಗಾದೇವಿ ಲಿಂಗವಂತರ ಹುಡುಗಿ. ಅವಳು ಕೇಳಿದಳು, "ನಿನ್ನ ಹೆಸರಿಲೇ ಒಂದು ಜೀವ ತಗದ್ರ, ನಾಳೆ ವಾರ್ಡಿನ್ಯಾಗ ನೀ ಯಾವ ಕೈಲೆ ಜೀವ ಉಳಸ್ತಿ?" ಅದನ್ನೇ ನಿನಗೆ ಕೇಳುತ್ತೇನೆ. ಅಲ್ಲದೆ ಇದಕ್ಕೆ ಸರಕಾರದ ಕಾಯ್ದೆಯೂ ಇದೆ ಕಾಕಾ. ದೇವರ ಮುಂದೆ ಪ್ರಾಣಿ ಕಡಿಯುವಂತಿಲ್ಲ.

ಅವ್ವನಿಗೆ ಹೇಳಿ ನೋಡು. ನಿನ್ನ ಮಾತು ಕೇಳುತ್ತಾಳೆ.

ಇನ್ನೊಂದು. ನಿನ್ನ ಅಕ್ಷರ ಯಾಕೆ ಹೀಗಾಗಿದೆ? ಮೊದಲು ಮುತ್ತು ಪೋಣಿಸಿದಂತೆ ಬರೆಯುತ್ತಿದ್ದೆ. ಈಗ ಸಾಲು ಸಾಲೂ ಚಳಿಗೆ ನಿಂತ ಹಾಗಿದೆ.

ನಿನ್ನ ಮಾಯಕ್ಕ


ಜಾಂಬೋಟಿ ಬಾಜು
೨ ಫೆಬ್ರವರಿ ೧೯೮೪

ಮಾಯಕ್ಕಾ,

ಅಕ್ಷರ ಹಾಗಾಗಿದ್ದು ಖಾನಾಪುರದ ಬಸ್ಸಿನಲ್ಲಿ ಕುಳಿತು ಬರೆದದ್ದಕ್ಕೆ. ಆ ರಸ್ತೆಯಲ್ಲಿ ಬ್ರಹ್ಮ ಬರೆದರೂ ಹಣೆಬರಹ ಸೊಟ್ಟ ಆದೀತು. ಇದನ್ನೂ ಬಸ್ಸಿನಲ್ಲೇ ಬರೆಯುತ್ತಿದ್ದೇನೆ, ತಪ್ಪು ತಿಳಿಯಬೇಡ.

ಕಾಯ್ದೆಯ ಮಾತು ಹೇಳಿ ನನ್ನನ್ನು ಹೆದರಿಸುತ್ತೀಯಾ? ಹಿಂಡಲಗಾ ಜೈಲು ನಾನು ನೋಡಿದ್ದೇನೆ, ಹೊರಗಿನಿಂದ. ಗೋಡೆ ಚೆನ್ನಾಗಿದೆ. ಒಳಗೆ ಹೋದರೆ ಆರು ತಿಂಗಳಲ್ಲಿ ಅಲ್ಲಿಯ ಜೈಲರನಿಗೇ ಕಂಬಳಿ ನೇಯುವುದು ಕಲಿಸಿ ಹೊರಗೆ ಬರುತ್ತೇನೆ.

ನಿನ್ನ ಗಂಗಾದೇವಿಗೆ ಹೇಳು, ನಾವು ಕಟುಕರಲ್ಲ. ಮೊದಲು ಟಗರನ್ನೇ ಕೇಳುತ್ತೇವೆ. ಬೆನ್ನ ಮೇಲೆ ಭಂಡಾರದ ಅರಿಸಿನ ಚೆಲ್ಲಿ ತಂಬಿಗೆ ನೀರು ಹಾಕುತ್ತೇವೆ. ಅದು ಮೈ ಕೊಡವಿದರೆ ದೇವಿ ಅದರ ಮೈಯಲ್ಲಿ ಬಂದು "ಹೂಂ" ಅಂದಳು ಎಂದು ಅರ್ಥ. ಮೂರು ಸಲ ನೀರು ಹಾಕಿದರೂ ಕೊಡವದಿದ್ದರೆ ದೇವಿಗೆ ಅದು ಬೇಡ, ಬಿಟ್ಟುಬಿಡಬೇಕು. ಇಷ್ಟು ನ್ಯಾಯ ನಿಮ್ಮ ದವಾಖಾನೆಯಲ್ಲಿ ಉಂಟೇ? ಸೂಜಿ ಚುಚ್ಚುವ ಮುಂದೆ ಯಾರಾದರೂ ಪೇಷಂಟಿನ ಒಪ್ಪಿಗೆ ಕೇಳುತ್ತಾರೆಯೇ?

ನನಗೆ ನೀತಿ ಹೇಳುವುದು ಬಿಟ್ಟು ಏಪ್ರಿಲ್ ಹತ್ತಕ್ಕೆ ಬಾ.

ಸಾತಪ್ಪ ಕಾಕಾ


ನೆಹರು ನಗರ
೧೦ ಫೆಬ್ರವರಿ ೧೯೮೪

ಕಾಕಾ,

ಕೇಳುತ್ತೀರಿ, ಸರಿ. ನಿನ್ನ ಜನ್ಮದಲ್ಲಿ "ಇಲ್ಲ" ಅಂದ ಟಗರು ಒಂದಾದರೂ ನೋಡಿದ್ದೀಯಾ? ಯಾವಾಗಲೂ "ಹೂಂ" ಎಂಬ ಉತ್ತರವೇ ಬರುವ ಪ್ರಶ್ನೆ ಅದೆಂಥ ಪ್ರಶ್ನೆ?

ನಿನಗೆ ನಾಲ್ಕು ಜನರ ಮುಂದೆ ಕತ್ತಿ ಎತ್ತುವ ಹೌಸು, ಶೋಕಿ. ಅದಕ್ಕೆ ನನ್ನ ಸರದಾರ ಬೇಕಾಗಿದ್ದಾನೆ. ನಾನು ಬರುವುದಿಲ್ಲ.

ಮಾಯಕ್ಕ


ಜಾಂಬೋಟಿ ಬಾಜು
೨೪ ಫೆಬ್ರವರಿ ೧೯೮೪

ಕುಮಾರಿ ಮಾಯಕ್ಕನಿಗೆ,

ಬಲಗೈ ಬೆರಳಿಗೆ ಜಾಲಿಮುಳ್ಳು ಮುರಿದಿರುವುದರಿಂದ ಈ ಪತ್ರವನ್ನು ನಮ್ಮ ಪೋಸ್ಟಿನ ಕಲ್ಲಯ್ಯನವರ ಕೈಯಿಂದ ಬರೆಸುತ್ತಿದ್ದೇನೆ. ನೀನು ಬರದಿದ್ದರೆ ಬಿಡು. ಊರಿಗೆ ಊರೇ ಬರುತ್ತದೆ. ಹೌಸು ಅಂದೆಯಲ್ಲ, ಹೌದು, ಹೌಸೇ. ನನಗೆ ಹೊಲ ದೊಡ್ಡದಿಲ್ಲ, ಮಕ್ಕಳಿಲ್ಲ, ಮುಲ್ಕಿ ಪಾಸಾಗಲಿಲ್ಲ. ಐದು ವರ್ಷಕ್ಕೊಮ್ಮೆ ಒಂದು ಗಳಿಗೆ ಊರೆಲ್ಲ ನನ್ನ ಕೈಯನ್ನೇ ನೋಡುತ್ತದೆ. ಅದೊಂದು ಇದೆ ನನಗೆ. ಅದನ್ನು ರಾಯಪ್ಪನಿಗೆ ಕೊಟ್ಟು ಬಾಳುವ ಮನುಷ್ಯ ನಾನಲ್ಲ.

ಇತಿ, ಸಾತಪ್ಪ

ತಂಗೀ, ಇದರ ಕೆಳಗಿನ ಸಾಲುಗಳನ್ನು ನಿಮ್ಮ ಕಾಕಾಗೆ ಓದಿ ಹೇಳಿಲ್ಲ. ಮುಳ್ಳು ಗಿಳ್ಳು ಏನೂ ಇಲ್ಲ. ಎರಡು ವರ್ಷದಿಂದ ಅವರ ಬಲಗೈ ನಡುಗುತ್ತದೆ. ಚಹಾದಂಗಡಿಯಲ್ಲಿ ಎಡಗೈಯಿಂದ ಕಪ್ಪು-ಬಸಿ ಹಿಡಿಯುತ್ತಾರೆ, ಬಲಗೈ ಸದಾ ಕಂಬಳಿಯ ಒಳಗೆ. ಬರೆಯಲು ಕೂತು ಮೂರು ಹಾಳೆ ಹರಿದುಹಾಕಿ ಆಮೇಲೆ ನನ್ನ ಮುಂದೆ ತಂದಿಟ್ಟರು. ಆ ಕೈಯಿಂದ ಒಂದೇ ಏಟು ಆಗುವ ಮಾತಲ್ಲ. ಅದು ಅವರಿಗೂ ಗೊತ್ತು. ನಾನು ಹೇಳಿದೆನೆಂದು ಹೇಳಬೇಡ. — ಕಲ್ಲಯ್ಯ


ನೆಹರು ನಗರ
೨೮ ಫೆಬ್ರವರಿ ೧೯೮೪

ಕಾಕಾ,

ಹಿಂದಿನ ಪತ್ರದಲ್ಲಿ ಹೆಚ್ಚು ಮಾತಾಡಿದೆ. ಮನಸ್ಸಿಗೆ ಹಚ್ಚಿಕೊಳ್ಳಬೇಡ.

ಈ ತಿಂಗಳು ನನಗೆ ನರರೋಗದ ವಾರ್ಡು. ಅಲ್ಲಿ ಒಬ್ಬರು ಅಜ್ಜ ಇದ್ದಾರೆ, ಬೈಲಹೊಂಗಲದ ಕಡೆಯ ಬಡಿಗರು. ಕೈ ನಡುಗುತ್ತದೆ. ಆರು ವರ್ಷ ಮುಚ್ಚಿಟ್ಟರಂತೆ, ಉಳಿ ಹಿಡಿದ ಕೈ ಸೋತಿತು ಅಂದಾರು ಎಂದು. ಡಾಕ್ಟರು ಹೇಳಿದರು, ಇದು ಸೋಲೂ ಅಲ್ಲ, ಮುಪ್ಪೂ ಅಲ್ಲ, ನರದ ಒಂದು ಚಾಳಿ, ಗುಳಿಗೆಯಿಂದ ಬಹಳಷ್ಟು ಕಡಿಮೆ ಆಗುತ್ತದೆ. ಸುಮ್ಮನೆ ಹೇಳಿದೆ. ನಿನಗೆ ಇಂಥ ಕಥೆಗಳೆಂದರೆ ಇಷ್ಟ ಅಲ್ಲವೇ?

ಇನ್ನೊಂದು ಸಂಗತಿ. ಹೆರಿಗೆ ವಾರ್ಡಿನಲ್ಲಿ ಕೂಸುಗಳಿಗೆ ಮೊದಲ ದಿನ ನೀರು ಹಾಕಿದರೆ ಮೈಯೆಲ್ಲ ನಡುಗಿಸಿ ಕಿರುಚುತ್ತವೆ. ನಾಲ್ಕನೆಯ ದಿನಕ್ಕೆ ಕಣ್ಣು ಮುಚ್ಚಿ ಸುಖಪಡುತ್ತವೆ. ನೀರು ಅದೇ, ಕೂಸೂ ಅದೇ. ಟಗರಿನದು ಹೇಗೋ ನನಗೆ ಗೊತ್ತಿಲ್ಲ. ಕುರಿಯ ವಿದ್ಯೆ ನಿನ್ನದು.

ನಿನ್ನ ಮಾಯಕ್ಕ


ಜಾಂಬೋಟಿ ಬಾಜು
೧೬ ಮಾರ್ಚ್ ೧೯೮೪

ಮಾಯಕ್ಕಾ,

ಹದಿನೈದು ದಿನ ಪತ್ರ ಬರೆಯಲಿಲ್ಲ. ಸಿಟ್ಟಿನಿಂದಲ್ಲ. ಬರೆದರೆ ನನ್ನ ಕೈಯಲ್ಲೇ ಬರೆಯಬೇಕು ಎಂದು ಕುಳಿತಿದ್ದೆ, ಧೈರ್ಯ ಬರಲು ಇಷ್ಟು ದಿನ ಹಿಡಿಯಿತು. ನೋಡು, ಇದೇ ನನ್ನ ಅಕ್ಷರ. ಬಸ್ಸಿನಲ್ಲಿ ಬರೆದದ್ದಲ್ಲ, ನಮ್ಮ ಪಡಸಾಲೆಯಲ್ಲಿ ಕಂಬಕ್ಕೆ ಒರಗಿ ಬರೆದದ್ದು. ಕಂಬ ನಡುಗುವುದಿಲ್ಲ, ನಾನು ನಡುಗುತ್ತೇನೆ. ಬಡಿಗರ ಅಜ್ಜನ ಕಥೆ ನಿನಗೆ ಯಾರು ಹೇಳಿಕೊಟ್ಟರೆಂದು ನನಗೆ ಗೊತ್ತಾಗಿದೆ. ಕಲ್ಲಯ್ಯನ ಮುಖ ಸ್ಟಾಂಪಿನ ಮೇಲೆ ಒತ್ತಿದ ಸಿಕ್ಕಾದ ಹಾಗೆ, ಎಲ್ಲ ಅದರಲ್ಲೇ ಕಾಣುತ್ತದೆ.

ಈಗ ನಿನ್ನ ಪ್ರಶ್ನೆಗೆ ಖರೇ ಉತ್ತರ. "ಇಲ್ಲ" ಅಂದ ಟಗರನ್ನು ನಾನು ನೋಡಿಲ್ಲ. ಯಾಕೆಂದರೆ ನಮ್ಮ ಅಪ್ಪ ಸಾಯುವ ಮುಂದೆ ಕತ್ತಿಯ ಜೊತೆಗೆ ಒಂದು ಗುಟ್ಟನ್ನೂ ಕೊಟ್ಟು ಹೋದ. ಮೊದಲ ತಂಬಿಗೆ ಬೆನ್ನ ಮೇಲೆ. ಕೊಡವದಿದ್ದರೆ ಎರಡನೆಯದು ಕಿವಿಯ ಒಳಗೆ. ಕಿವಿಯಲ್ಲಿ ನೀರು ಹೋದರೆ ಟಗರಲ್ಲ, ತಹಶೀಲ್ದಾರನೂ ತಲೆ ಕೊಡವುತ್ತಾನೆ. ಏಳು ತಲೆಮಾರು ದೇವಿಯ ಬಾಯಿಂದ "ಹೂಂ" ಅನ್ನಿಸಿದವರು ನಾವೇ. ಇದನ್ನು ಬರೆಯುವಾಗ ಕೈ ಸ್ವಲ್ಪ ಹೆಚ್ಚೇ ನಡುಗಿತು.

ಕೂಸಿನ ಮಾತು ಓದಿದ ಮರುದಿನವೇ ನನಗೆ ಒಂದು ಯುಕ್ತಿ ಹೊಳೆಯಿತು. ನನ್ನದೇ ಯುಕ್ತಿ, ನಿನ್ನದಲ್ಲ. ದಿನಾ ಬೆಳಿಗ್ಗೆ ಸರದಾರನನ್ನು ಹಳ್ಳಕ್ಕೆ ಒಯ್ದು ಇಪ್ಪತ್ತು ತಂಬಿಗೆ ನೀರು ಹಾಕುತ್ತೇನೆ. ಮೊದಲ ವಾರ ಕೊಡವಿ ಕೊಡವಿ ನನ್ನ ಧೋತರ ತೋಯಿಸಿದ. ಈಗ ನೀರು ಬಿದ್ದರೆ ಮೆಲುಕು ಹಾಕುತ್ತ ನಿಲ್ಲುತ್ತಾನೆ. ಏಟೇ ಬೀಳದಿದ್ದರೆ ಎರಡನೆಯ ಏಟು ಎಲ್ಲಿಂದ ಬಂತು? ಟಗರೂ ಉಳಿಯಿತು, ಕತ್ತಿಯೂ ಉಳಿಯಿತು.

ದೇವಿಗೆ ಮೋಸ ಆದೀತೇ ಎಂದು ಎರಡು ದಿನ ಊಟ ಸೇರಲಿಲ್ಲ. ಆಮೇಲೆ ಅಂದುಕೊಂಡೆ, ಅವಳಿಗೆ ಖರೇ ಬೇಕಾಗಿದ್ದರೆ ಕಲ್ಲನ್ನೂ ನಡುಗಿಸುವ ತಾಕತ್ತು ಅವಳಿಗಿದೆ. ನಾನು ತೆಗೆದದ್ದು ಟಗರಿನ ಹೆದರಿಕೆ ಅಷ್ಟೇ. ಈ ಸಲ ಕಿವಿಯಲ್ಲಿ ನೀರು ಹಾಕುವುದಿಲ್ಲ. ಏಳು ತಲೆಮಾರಿನಲ್ಲಿ ಮೊದಲ ಬಾರಿ ಅವಳನ್ನು ನಿಜವಾಗಿ ಕೇಳಿ ನೋಡೋಣ.

ಮಜಾ ಕೇಳು. ಊರವರು, "ಸಾತಪ್ಪನ ಭಕ್ತಿ ನೋಡ್ರಿ, ದೇವಿ ಟಗರಿಗೆ ದಿನಾ ಜಳಕ!" ಎನ್ನತೊಡಗಿದರು. ರಾಯಪ್ಪನಿಗೆ ತಡೆಯಲಾಗಲಿಲ್ಲ. ಬಂದು, "ಮುಂಜಾನಿ ನೀ ತೊಳದ್ರ ಸಂಜಿಕ ನಾ ತೊಳೀತೀನಿ. ಭಕ್ತಿ ಏನ್ ನಿಮ್ಮ ಮನ್ಯಾಗಷ್ಟ ಬೆಳೀತೈತೇನು?" ಅಂದ. ನಾನು ಬಹಳ ಬೇಜಾರಾದವನ ಹಾಗೆ ಮುಖ ಮಾಡಿ ಒಪ್ಪಿದೆ. ಈಗ ಸಂಜೆ ಅವನೂ ಇಪ್ಪತ್ತು ತಂಬಿಗೆ ಹಾಕಿ, ಗದ್ದದ ಕೆಳಗೆ ತೆಂಗಿನ ನಾರಿನಿಂದ ತಿಕ್ಕುತ್ತಾನೆ. ಸರದಾರನಿಗೆ ನನಗಿಂತ ಅವನ ಕೈಯೇ ಹೆಚ್ಚು ಇಷ್ಟವಾಗಿದೆ, ದ್ರೋಹಿ.

ಸಾತಪ್ಪ ಕಾಕಾ


ನೆಹರು ನಗರ
೨೫ ಮಾರ್ಚ್ ೧೯೮೪

ಕಾಕಾ,

ಪತ್ರವನ್ನು ಗಂಗಾದೇವಿಗೂ ಓದಿ ತೋರಿಸಿದೆ. ಬಿದ್ದು ಬಿದ್ದು ನಕ್ಕಳು. ಆಮೇಲೆ ಒಂದು ಮಾತು ಹೇಳಿದಳು, ಅದು ನನ್ನ ತಲೆಯಿಂದ ಹೋಗುತ್ತಿಲ್ಲ. ಬೀಸುವ ಕಲ್ಲಿನ ಮುಂದೆ ಅಜ್ಜಿಯರು ಹೇಳುತ್ತಿದ್ದ ಕಥೆಗಳಲ್ಲಿ ದೇವರ ಮೆಚ್ಚುಗೆ ಪಡೆದವರೆಲ್ಲ ತಮ್ಮದನ್ನು ಕೊಟ್ಟವರು. ತಮ್ಮ ತೊಡೆಯ ಮಾಂಸ, ತಮ್ಮ ಕಣ್ಣು, ತಮ್ಮ ತಲೆ. ಕೊಟ್ಟಿಗೆಯಲ್ಲಿ ಕಟ್ಟಿದ ಇನ್ನೊಬ್ಬರ ಜೀವವನ್ನು ಕೊಟ್ಟು ದೊಡ್ಡವರಾದವರ ಕಥೆ ಅವಳು ಒಂದೂ ಕೇಳಿಲ್ಲವಂತೆ.

ಟಗರು ಉಳಿದೀತು ಕಾಕಾ. ಆದರೆ ನಿನ್ನ ಕೈ ಕಂಬಳಿಯ ಒಳಗೇ ಉಳಿಯುತ್ತದಲ್ಲ? ಇನ್ನು ಐದು ವರ್ಷ ಎಡಗೈಯಿಂದ ಬಸಿ ಹಿಡಿಯುತ್ತೀಯಾ? ನೀನು ಹೇಳಿಬಿಟ್ಟರೆ ಏನಾದೀತು?

ಏಪ್ರಿಲ್ ಹತ್ತಕ್ಕೆ ನನಗೆ ಡ್ಯೂಟಿ ಇದೆ, ಬರಲಾಗುವುದಿಲ್ಲ. ಡಾಕ್ಟರ ಹತ್ತಿರ ನಿನ್ನ ಹೆಸರು ಬರೆಸಿದ್ದೇನೆ, ಏಪ್ರಿಲ್ ಇಪ್ಪತ್ತನಾಲ್ಕಕ್ಕೆ. ಬೈಯುವುದಿದ್ದರೆ ಬಂದು ಬೈ.

ನಿನ್ನ ಮಾಯಕ್ಕ


ಜಾಂಬೋಟಿ ಬಾಜು
೧೨ ಏಪ್ರಿಲ್ ೧೯೮೪

ಮಾಯಕ್ಕಾ,

ಕುಳಿತುಕೊಂಡು ಓದು. ಗಂಗಾದೇವಿಯನ್ನೂ ಕೂಡಿಸಿಕೋ.

ಮಂಗಳವಾರ ಅಡವಿಯ ಗುಡಿಯ ಮುಂದೆ ಕಾಲಿಡಲು ಜಾಗ ಇರಲಿಲ್ಲ. ಗೋವೆಯ ಕಡೆಯ ನಮ್ಮ ಬೀಗರೂ ಬಂದಿದ್ದರು. ಡೊಳ್ಳು ಒಂದೇ ಸಮ. ಪೂಜಾರಿ ಮಾಯಪ್ಪ ಸರದಾರನ ಬೆನ್ನಿಗೆ ಭಂಡಾರ ಚೆಲ್ಲಿದ. ನಾನು ಎಡಗೈಯಲ್ಲಿ ತಂಬಿಗೆ ಹಿಡಿದೆ. ಬಲಗೈ ಕಂಬಳಿಯೊಳಗೆ. ನಿನ್ನ ಅವ್ವ ಬಾಳವ್ವ ಕಣ್ಣು ಮುಚ್ಚಿ ನಿಂತಿದ್ದಳು.

ಮೊದಲ ತಂಬಿಗೆ. ಸರದಾರ ಮಾಯಪ್ಪನ ಕೊರಳಿನ ಚೆಂಡುಹೂವಿನ ಮಾಲೆ ತಿನ್ನಲು ನೋಡಿದ. ಎರಡನೆಯದು. ಕಣ್ಣು ಮುಚ್ಚಿ ಮೆಲುಕು ಹಾಕಿದ. ಡೊಳ್ಳು ತಾನಾಗಿಯೇ ಸಣ್ಣಗಾಯಿತು. ರಾಯಪ್ಪ ಜನರನ್ನು ಸೀಳಿಕೊಂಡು ಬಂದ.

"ನಿನಗ ನೀರ ಹಾಕಾಕೂ ಬರಂಗಿಲ್ಲ, ತಾ ಇಲ್ಲೆ!"

ತಂಬಿಗೆ ಕಸಿದು ಮೂರನೆಯದನ್ನು ಅವನೇ ಸುರಿದ. ಸರದಾರ ತನ್ನ ಸಂಜೆಯ ಗೆಳೆಯನನ್ನು ಗುರುತು ಹಿಡಿದು, ಇಲ್ಲಿ ತಿಕ್ಕು ಎಂಬ ಹಾಗೆ ಗದ್ದ ಮೇಲೆತ್ತಿ ನಿಂತ. ಮೊದಲು ಹೆಂಗಸರು ನಕ್ಕರು, ಆಮೇಲೆ ಎಲ್ಲರೂ.

ನಾನು ಗೆದ್ದೆ ಅಂದುಕೊಂಡೆ. ಆಗ ರಾಯಪ್ಪ ಕೂಗಿದ.

"ನಗಬ್ಯಾಡ್ರಿ! ಈ ಮುದುಕನ ಕೈ ಸೋತೈತಿ. ಕಂಬಳ್ಯಾಗ ಮುಚ್ಚಿ ಇಟ್ಟಾನ. ಕತ್ತಿ ಎತ್ತಾಕ ಆಗಂಗಿಲ್ಲಂತ ಟಗರಿಗೇನೋ ಮಾಡ್ಯಾನ. ಖರೇ ಇದ್ರ ಕೈ ತೋರಸು!"

ನಗು ನಿಂತಿತು. ಐದು ಊರಿನ ಕಣ್ಣು ನನ್ನ ಕಂಬಳಿಯ ಮೇಲೆ. ಮಾಯಕ್ಕಾ, ನಿನ್ನ ಕಾಕಾ ಎಂಥ ಎಂಥ ಸುಳ್ಳು ಹೇಳಬಲ್ಲ ನಿನಗೆ ಗೊತ್ತು. ಮೂರು ಸುಳ್ಳು ತುದಿನಾಲಿಗೆಯಲ್ಲೇ ಇದ್ದವು. ಒಂದಂತೂ ಬಹಳ ಚಲೋ ಇತ್ತು. ಆದರೆ ನಿಮ್ಮ ಆ ಅಜ್ಜಿಯರ ಮಾತು ಎದೆಗೆ ಬಂದು ನಿಂತಿತು. ನನ್ನದು ಅಂತ ನನ್ನ ಹತ್ತಿರ ಏನಿದೆ? ಈ ಜಂಬ ಒಂದೇ. ಇದನ್ನೇ ಕೊಡೋಣ ಅಂದುಕೊಂಡು ಕಂಬಳಿ ಕಿತ್ತು ನೆಲಕ್ಕೆ ಒಗೆದು ಬಲಗೈ ಮೇಲೆತ್ತಿದೆ.

"ಹೌದು! ನಡಗತೈತಿ! ನೋಡ್ರಿ ಎಲ್ಲಾರೂ!"

ಎರಡು ವರ್ಷ ಕಟ್ಟಿಹಾಕಿದ್ದ ಕೈ, ಬಿಟ್ಟೊಡನೆ ಹುಚ್ಚೆದ್ದು ನಡುಗಿತು. ಕೈಯಿಂದ ತೋಳಿಗೆ, ತೋಳಿನಿಂದ ಮೈಗೆ. ನಿಲ್ಲಿಸಲು ನೋಡಿದಷ್ಟೂ ಹೆಚ್ಚಾಯಿತು.

ಅಷ್ಟರಲ್ಲಿ ಮಾಯಪ್ಪನ ಕೈಯಿಂದ ಗಂಟೆ ಬಿತ್ತು. ಅವನು ಕೂಗಿದ.

"ಟಗರು ಮೈ ಕೊಡವಲಿಲ್ಲೋ, ಕತ್ತಿಯಾತ ಕೊಡವಿದ! ತಾಯಿ ಟಗರಿನ್ಯಾಗ ಬರಲಿಲ್ಲ, ಸಾತಪ್ಪನ ಮೈಯಾಗ ಬಂದಾಳ!"

ಡೊಳ್ಳು ಗುಡುಗಿತು. ಒಬ್ಬ ಮುದುಕಿ ಬಂದು ನನ್ನ ಕಾಲಿಗೆ ಬಿದ್ದಳು.

"ಏ ಯವ್ವಾ, ದೇವಿ ಅಲ್ಲಬೇ, ನರದ ಜಡ್ಡ ಇದು!" ಅಂದೆ.

"ಹೌದ ನಮ್ಮವ್ವ, ನೀ ಹೆಂಗಂತಿ ಹಂಗ," ಅಂದಳು.

"ಎರಡ ವರ್ಷದಿಂದ ಐತ್ರೋ!" ಎಂದು ಕೂಗಿದೆ.

"ಎರಡ ವರ್ಷದಿಂದ ಮೈಯಾಗ ಅದಾಳಂತ!" ಎಂದು ಹಿಂದಿನವರಿಗೆ ಮುಂದಿನವರು ಹೇಳಿದರು.

"ಬೆಳಗಾವಿ ಡಾಕ್ಟರನ ಕಡೆ ಹೆಸರ ಬರಸೀನಿ!"

"ಡಾಕ್ಟರಗೂ ದರ್ಶನ ಕೊಡ್ತಾಳಂತ!"

ನನ್ನ ಆಯುಷ್ಯದಲ್ಲಿ ಇಷ್ಟು ಖರೇ ಮಾತು ಒಂದೇ ದಿನ ಆಡಿರಲಿಲ್ಲ. ಒಬ್ಬರೂ ನಂಬಲಿಲ್ಲ. ಇಷ್ಟು ವರ್ಷ ಸುಳ್ಳು ಹೇಳಿದಾಗ ಎಲ್ಲರೂ ನಂಬುತ್ತಿದ್ದರು. ಕೊನೆಗೆ ರಾಯಪ್ಪ. ಅವನ ಮುಖ ಸುಣ್ಣ ಬಳಿದ ಗೋಡೆ. ಧಡ್ಡನೆ ಬಿದ್ದು ನನ್ನ ಎರಡೂ ಕಾಲು ಹಿಡಿದ.

"ತಾಯೀ, ತಿಳೀಲಾರದ ಅಂದೆ. ದಿನಾ ಸಂಜಿಕ ನಿನ್ನ ಟಗರ ತೊಳದೀನಿ, ನೆನಪಿರಲಿ!"

ನಾನು ಕುಳಿತು ಅವನನ್ನು ಎಬ್ಬಿಸಿದೆ. ಆ ನಡುಗುವ ಕೈಯಿಂದಲೇ. "ರಾಯಾ, ನಾ ಸಾತಪ್ಪ ಅದೀನೋ," ಎಂದು ಕಿವಿಯಲ್ಲಿ ಹೇಳಿದೆ. ಅವನು ಇನ್ನೂ ಜೋರಾಗಿ ಅತ್ತ.

ಹಿರಿಯರು ಕೈಮುಗಿದು ಕೇಳಿದರು, ಟಗರು ಬೇಡವಾದರೆ ಇನ್ನೇನು ಕೊಡೋಣ ಎಂದು. ಇಲ್ಲಿ ಮಾತ್ರ ನಾನು ಹುಷಾರಾದೆ. ದೇವಿಯ ಹೆಸರಿನಲ್ಲಿ ಒಂದು ಮಾತೂ ಆಡಲಿಲ್ಲ, ಆಣೆ. "ನಾ ಸಾತಪ್ಪ ಹೇಳಾಕತ್ತೀನಿ, ದೇವಿ ಅಲ್ಲ. ಕತ್ತಿ ಆಕಿ ಪಾದದಾಗ ಇಡ್ರಿ. ನಮ್ಮ ಮನಿಗೂ ಬ್ಯಾಡ, ಯಾರ ಮನಿಗೂ ಬ್ಯಾಡ. ಹರಕಿ ಟಗರು ಭಂಡಾರ ಹಚಿಗೊಂಡು ತಿರಗ್ಲಿ," ಅಂದೆ. ಅವರು ಒಬ್ಬರ ಮುಖ ಒಬ್ಬರು ನೋಡಿದರು. ಮಾಯಪ್ಪ ಕತ್ತಿ ಎತ್ತಿ ದೇವಿಯ ಮುಂದೆ ಇಟ್ಟುಬಿಟ್ಟ. ಇನ್ನು ಮುಂದೆ ಮೊದಲ ಭಂಡಾರ ನಮ್ಮ ಮನೆಗೇ ಎಂದೂ ಅಲ್ಲೇ ಠರಾವು ಆಯಿತು. ಏಳು ತಲೆಮಾರು ಒಂದು ಕತ್ತಿ ಹಿಡಿದು ಗಳಿಸಿದ ಮಾನವನ್ನು ನಿನ್ನ ಕಾಕಾ ಕತ್ತಿ ಬಿಟ್ಟು ಗಳಿಸಿದ. ಇದನ್ನು ಅಲ್ಲಿ ಎಲ್ಲರಿಗೂ ಹೇಳು, ಎರಡು ಸಲ.

ನಿನ್ನ ಅವ್ವ ಸರದಾರನ ಕೊರಳು ತಬ್ಬಿ ಅತ್ತಳು. ಅವನು ಅವಳ ಸೆರಗು ತಿಂದ. ಹರಕೆ ತೀರಿತು ಎಂದು ಅವಳಿಗೂ ಸಮಾಧಾನ. ಈಗ ಚಹಾದಂಗಡಿಯಲ್ಲಿ ಬಲಗೈಯಿಂದಲೇ ಬಸಿ ಹಿಡಿಯುತ್ತೇನೆ. ಅರ್ಧ ಚೆಲ್ಲುತ್ತದೆ. ಚೆಲ್ಲಿದ್ದನ್ನು ಜನ ಬೆರಳಿನಿಂದ ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳುತ್ತಾರೆ. "ಚಹಾ ಐತ್ರೋ ಅದು!" ಎಂದು ಬೈದು ಸಾಕಾಗಿದೆ.

ಇಪ್ಪತ್ತನಾಲ್ಕಕ್ಕೆ ಬೆಳಗಿನ ಬಸ್ಸಿಗೆ ಬರುತ್ತೇನೆ. ಡಾಕ್ಟರು ಗುಳಿಗೆ ಕೊಡಲಿ, ನುಂಗುತ್ತೇನೆ. ಪತ್ರ ಬರೆಯುವಷ್ಟು, ಊಟ ಮಾಡುವಷ್ಟು ಕೈ ನೆಟ್ಟಗಾದರೆ ಸಾಕು. ಬಹಳ ಜೋರಿನದು ಬೇಡ ಎಂದು ನೀನೇ ಮೊದಲು ಹೇಳಿ ಇಡು. ಎಂಬತ್ತೊಂಬತ್ತಕ್ಕೆ ದ್ಯಾಮವ್ವನ ವಾರ ತಿರುಗಿ ಬರುತ್ತದೆ. ಯಾರಾದರೂ ಮರೆತು ಒಂದು ಟಗರನ್ನು ತಂದು ನಿಲ್ಲಿಸಿದರೆ, ಅದರ ಬದಲಿಗೆ ನಡುಗಲು ಒಬ್ಬ ಮನುಷ್ಯ ಬೇಕಲ್ಲ.

ನಿನ್ನ ಕಾಕಾ,
ಸಾತಪ್ಪ